ಗೆದ್ದ ಮೇಲೂ ಮುಗಿಯದ ಕೇಸು

1995ರಲ್ಲಿ ಸುಪ್ರೀಂ ಕೋರ್ಟ್ ಕರ್ನಾಟಕದ ಹಿರಿಯ ಐಎಎಸ್ ಅಧಿಕಾರಿ ಜೆ. ವಾಸುದೇವನ್ ಅವರಿಗೆ ಒಂದು ತಿಂಗಳ ಸಾದಾ ಸೆರೆವಾಸ ವಿಧಿಸಿತು. ಅವರು ವಸತಿ ಮತ್ತು ನಗರಾಭಿವೃದ್ಧಿ ಇಲಾಖೆಯ ಕಾರ್ಯದರ್ಶಿಯಾಗಿದ್ದವರು. ಲಂಚದ ಆರೋಪವಿರಲಿಲ್ಲ, ಹಗರಣವೂ ಅಲ್ಲ. ಬೆಂಗಳೂರು ಮಹಾನಗರ ಪಾಲಿಕೆಯ ಎಂಜಿನಿಯರ್ ಒಬ್ಬರ ಬಡ್ತಿ ಕುರಿತು ಕೋರ್ಟ್ ಕೊಟ್ಟಿದ್ದ ಆದೇಶ ಜಾರಿಯಾಗಿರಲಿಲ್ಲ. ಒಂದು ಬಡ್ತಿ ಕಡತಕ್ಕಾಗಿ ಇಲಾಖಾ ಕಾರ್ಯದರ್ಶಿಯೇ ಜೈಲಿಗೆ ಹೋಗಬೇಕಾಗುತ್ತದೆ ಎಂದು ವಿಧಾನಸೌಧದಲ್ಲಿ ಅಲ್ಲಿಯವರೆಗೆ ಯಾರೂ ನಂಬಿರಲಿಕ್ಕಿಲ್ಲ.

ಆ ತೀರ್ಪು ಬಂದು ಮೂವತ್ತು ವರ್ಷ ಕಳೆದಿದೆ. ವಕೀಲರು ಇವತ್ತಿಗೂ ಅದನ್ನು ಉಲ್ಲೇಖಿಸುತ್ತಾರೆ. ಆದರೆ ಸರ್ಕಾರದ ವಿರುದ್ಧ ಗೆದ್ದವರು ಗೆದ್ದ ಆದೇಶದ ಜಾರಿಗಾಗಿ ಮತ್ತೊಂದು ಅರ್ಜಿ ಹಾಕುವುದು ನಿಂತಿಲ್ಲ. ಒಬ್ಬರಿಗೆ ಶಿಕ್ಷೆಯಾದರೆ ಉಳಿದವರು ಎಚ್ಚೆತ್ತುಕೊಳ್ಳುತ್ತಾರೆ ಎಂಬ ಲೆಕ್ಕಾಚಾರ ಎಲ್ಲೋ ತಪ್ಪಿದೆ.

ನ್ಯಾಯಾಂಗ ನಿಂದನೆ ಎಂದೊಡನೆ ಹೆಚ್ಚಿನವರಿಗೆ ನೆನಪಾಗುವುದು 2020ರಲ್ಲಿ ವಕೀಲ ಪ್ರಶಾಂತ್ ಭೂಷಣ್ ಟ್ವೀಟ್ ಮಾಡಿ ಒಂದು ರೂಪಾಯಿ ದಂಡ ಕಟ್ಟಿದ ಪ್ರಕರಣ. ಅದು ಕ್ರಿಮಿನಲ್ ನಿಂದನೆ. ಪತ್ರಿಕೆಗಳ ಮುಖಪುಟಕ್ಕೆ ಬರುವುದು ಅದೇ. ಹೈಕೋರ್ಟಿನ ಕಾಸ್ ಲಿಸ್ಟ್‌ನಲ್ಲಿ ಸಾಲುಸಾಲಾಗಿ ಕಾಣುವುದು ಮಾತ್ರ ಸಿವಿಲ್ ನಿಂದನೆ. ನಮ್ಮ ವಕೀಲರು ಅದನ್ನು ಚುಟುಕಾಗಿ ‘ಸಿಸಿಸಿ’ ಎನ್ನುತ್ತಾರೆ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ ಪ್ರಕಾರ ಕೋರ್ಟಿನ ಆದೇಶ, ಡಿಕ್ರಿ, ರಿಟ್ ಇತ್ಯಾದಿಗಳನ್ನಾಗಲಿ, ಕೋರ್ಟಿಗೆ ಬರೆದುಕೊಟ್ಟ ಮುಚ್ಚಳಿಕೆಯನ್ನಾಗಲಿ ಉದ್ದೇಶಪೂರ್ವಕವಾಗಿ ಮೀರಿದರೆ ಅದು ಸಿವಿಲ್ ನಿಂದನೆ. ಕಾಯ್ದೆಗಿಂತ ಮೊದಲೇ ಈ ಅಧಿಕಾರವನ್ನು ಸಂವಿಧಾನ ಕೊಟ್ಟಿದೆ. 129ನೇ ವಿಧಿ ಸುಪ್ರೀಂ ಕೋರ್ಟಿಗೆ, 215ನೇ ವಿಧಿ ಹೈಕೋರ್ಟುಗಳಿಗೆ.

ಶಿಕ್ಷೆ ಏನು? ಗರಿಷ್ಠ ಆರು ತಿಂಗಳ ಸಾದಾ ಸಜೆ, ಇಲ್ಲವೇ ಎರಡು ಸಾವಿರ ರೂಪಾಯಿ ದಂಡ, ಅಥವಾ ಎರಡೂ. ಮನಃಪೂರ್ವಕ ಕ್ಷಮೆ ಕೇಳಿದರೆ ಅದೂ ಮಾಫಿ ಆಗಬಹುದು. ಈ ಎರಡು ಸಾವಿರದ ಅಂಕಿ 1971ರದ್ದಲ್ಲ, ಬ್ರಿಟಿಷರು 1926ರಲ್ಲಿ ತಂದ ಕಾಯ್ದೆಯಲ್ಲೇ ಇತ್ತು. ಅಂದಿನ ಎರಡು ಸಾವಿರಕ್ಕೆ ಹಳ್ಳಿಯಲ್ಲಿ ಮನೆ ಕಟ್ಟಬಹುದಿತ್ತೇನೋ. ಇಂದು ಅಧಿಕಾರಿಯ ಸರ್ಕಾರಿ ಕಾರಿಗೆ ಒಂದು ಸಲ ಟ್ಯಾಂಕ್ ತುಂಬಿಸಲೂ ಸಾಲದು. ಸುಪ್ರೀಂ ಕೋರ್ಟ್ ಮಾತ್ರ ತನ್ನ ಸಾಂವಿಧಾನಿಕ ಅಧಿಕಾರದ ಬಲದಿಂದ ಆಗಾಗ ಈ ಮಿತಿ ದಾಟುತ್ತದೆ. 2019ರಲ್ಲಿ ಸಿಬಿಐನ ಹಂಗಾಮಿ ನಿರ್ದೇಶಕರಾಗಿದ್ದ ಎಂ. ನಾಗೇಶ್ವರ ರಾವ್, ಮುಜಫ್ಫರಪುರ ಆಶ್ರಯಧಾಮ ಪ್ರಕರಣದ ತನಿಖಾಧಿಕಾರಿಯನ್ನು ಕೋರ್ಟಿನ ಅನುಮತಿ ಇಲ್ಲದೆ ವರ್ಗಾಯಿಸಿದ್ದಕ್ಕೆ ಒಂದು ಲಕ್ಷ ರೂಪಾಯಿ ದಂಡ ತೆತ್ತರು. ಜತೆಗೆ ಆ ದಿನ ಕಲಾಪ ಮುಗಿಯುವವರೆಗೆ ಕೋರ್ಟ್ ಹಾಲಿನ ಮೂಲೆಯಲ್ಲಿ ಕೂತಿರಬೇಕಾಯಿತು.

ಇಲ್ಲಿ ಒಂದು ಗೊಂದಲ ಬಿಡಿಸಿಬಿಡಬೇಕು. ಅಪಘಾತದ ಪರಿಹಾರ ಕೊಡದ ಕೆಎಸ್‌ಆರ್‌ಟಿಸಿಯ ಬಸ್ ಜಪ್ತಿಯಾಯಿತು, ಭೂಸ್ವಾಧೀನದ ಹಣ ಕೊಡದ ಉಪವಿಭಾಗಾಧಿಕಾರಿ ಕಚೇರಿಯ ಕುರ್ಚಿ, ಕಂಪ್ಯೂಟರ್‌ಗಳನ್ನು ಅಮೀನರು ಹೊತ್ತೊಯ್ದರು ಎಂಬ ಸುದ್ದಿ ಜಿಲ್ಲಾ ಪುಟಗಳಲ್ಲಿ ಬರುತ್ತಲೇ ಇರುತ್ತದೆ. ಅದು ನಿಂದನೆಯಲ್ಲ, ಅಮಲ್ಜಾರಿ. ಇಂತಿಷ್ಟು ಹಣ ಕೊಡಬೇಕೆಂದು ಸಿವಿಲ್ ಕೋರ್ಟಿನ ಡಿಕ್ರಿ ಇದ್ದಾಗ ಅದೇ ಕೋರ್ಟಿನಲ್ಲಿ ಅಮಲ್ಜಾರಿ ಅರ್ಜಿ ಹಾಕಿ ವಸೂಲಿ ಮಾಡಬಹುದು. ಕುರ್ಚಿ ಹೊರಗೆ ಬಂದ ದಿನವೇ ಚೆಕ್ ಸಿದ್ಧವಾಗುವುದುಂಟು. ಹೈಕೋರ್ಟಿನ ರಿಟ್ ಆದೇಶಕ್ಕೆ ಈ ಸೌಲಭ್ಯ ಇಲ್ಲ. ಬಡ್ತಿ ಕೊಡಿ, ಖಾತೆ ಮಾಡಿ, ಪಿಂಚಣಿ ನಿಗದಿ ಮಾಡಿ ಎಂಬ ಆದೇಶದಲ್ಲಿ ಜಪ್ತಿ ಮಾಡುವುದಾದರೂ ಏನನ್ನು? ಹೀಗಾಗಿ ಅಧಿಕಾರಿಯ ಹೆಸರು ಹಿಡಿದು ಸಿಸಿಸಿ ಹಾಕುವುದೊಂದೇ ದಾರಿಯಾಗಿ ಉಳಿಯುತ್ತದೆ.

ಅಧಿಕಾರಿ ಆದೇಶ ಪಾಲಿಸಲಿಲ್ಲ ಎಂಬುದು ನಿಂದನೆಗೆ ಸಾಕಾಗುವುದಿಲ್ಲ. ಬೇಕೆಂದೇ ಪಾಲಿಸಲಿಲ್ಲ ಎಂಬುದು ಸಾಬೀತಾಗಬೇಕು. ಆದೇಶಕ್ಕೆ ಎರಡು ಅರ್ಥ ಬರುವಂತಿದ್ದು ಅಧಿಕಾರಿ ಅದರಲ್ಲೊಂದನ್ನು ಹಿಡಿದು ನಡೆದಿದ್ದರೆ ನಿಂದನೆಯಾಗದು ಎಂದು ಸುಪ್ರೀಂ ಕೋರ್ಟ್ ಹಲವು ಬಾರಿ ಹೇಳಿದೆ. ಇದು ಸರಿಯೇ. ಮನುಷ್ಯನೊಬ್ಬನನ್ನು ಜೈಲಿಗೆ ಕಳಿಸುವಾಗ ಅವನ ಮನಸ್ಸಿನಲ್ಲಿ ಏನಿತ್ತು ಎಂದು ನೋಡಲೇಬೇಕು. ಆದರೆ ಸರ್ಕಾರದಲ್ಲಿ ಕೆಲಸ ಮಾಡುವುದು ಕಡತ. ಕಡತದ ಮೇಲೆ ಹನ್ನೆರಡು ಜನರ ಸಹಿ ಇರುತ್ತದೆ, ಉದ್ದೇಶ ಮಾತ್ರ ಒಬ್ಬರದೂ ಇರುವುದಿಲ್ಲ.

ಒಂದು ಉದಾಹರಣೆ ಊಹಿಸಿಕೊಳ್ಳಿ. ಹಾವೇರಿ ಜಿಲ್ಲೆಯ ಅನುದಾನಿತ ಪ್ರೌಢಶಾಲೆಯೊಂದರ ನಿವೃತ್ತ ಶಿಕ್ಷಕಿ. ಶಾಲೆ ಅನುದಾನಕ್ಕೆ ಒಳಪಡುವ ಮುಂಚಿನ ಸೇವೆಯನ್ನೂ ಪಿಂಚಣಿಗೆ ಲೆಕ್ಕ ಹಿಡಿಯಬೇಕು ಎಂಬುದು ಅವರ ಬೇಡಿಕೆ. ಧಾರವಾಡ ಪೀಠ ಆದೇಶಿಸುತ್ತದೆ: ಅರ್ಜಿದಾರರ ಮನವಿಯನ್ನು ಕಾನೂನಿನ ಪ್ರಕಾರ ಮೂರು ತಿಂಗಳೊಳಗೆ ಪರಿಗಣಿಸತಕ್ಕದ್ದು. ಶಿಕ್ಷಕಿ ಊರಲ್ಲಿ ಪೇಢೆ ಹಂಚುತ್ತಾರೆ.

ಆದೇಶದ ಪ್ರತಿ ಬಿಇಒ ಕಚೇರಿಗೆ ಹೋಗುತ್ತದೆ. ಅವರು ಸೇವಾ ಪುಸ್ತಕ ಲಗತ್ತಿಸಿ ಡಿಡಿಪಿಐಗೆ ಕಳಿಸುತ್ತಾರೆ. ಡಿಡಿಪಿಐ ಧಾರವಾಡದ ಅಪರ ಆಯುಕ್ತರಿಗೆ, ಅಪರ ಆಯುಕ್ತರು ಬೆಂಗಳೂರಿನ ನೃಪತುಂಗ ರಸ್ತೆಯ ಆಯುಕ್ತರ ಕಚೇರಿಗೆ, ಅಲ್ಲಿಂದ ಬಹುಮಹಡಿ ಕಟ್ಟಡದ ಸಚಿವಾಲಯಕ್ಕೆ. ಅಲ್ಲಿ ಕೇಸ್ ವರ್ಕರ್ ಕಡತ ತೆರೆದು ಟಿಪ್ಪಣಿ ಬರೆಯುತ್ತಾರೆ. ಹಣದ ವಿಷಯ, ಆರ್ಥಿಕ ಇಲಾಖೆಯ ಸಹಮತಿ ಬೇಕು. ಕೋರ್ಟಿನ ವಿಷಯ, ಕಾನೂನು ಇಲಾಖೆಯ ಅಭಿಪ್ರಾಯ ಬೇಕು. ಆರ್ಥಿಕ ಇಲಾಖೆ ‘ಇದೇ ರೀತಿಯ ಪ್ರಕರಣಗಳು ಎಷ್ಟಿವೆ, ಒಟ್ಟು ಹೊರೆ ಎಷ್ಟು’ ಎಂದು ಕೇಳಿ ಕಡತ ಹಿಂತಿರುಗಿಸುತ್ತದೆ. ಆ ಪ್ರಶ್ನೆ ಬಂದ ದಾರಿಯಲ್ಲೇ ಇಳಿದು ಮತ್ತೆ ಬಿಇಒ ಕಚೇರಿ ಮುಟ್ಟುತ್ತದೆ. ಮೂರು ತಿಂಗಳು ಎಂದೋ ಮುಗಿದಿರುತ್ತದೆ. ಇದರಲ್ಲಿ ಯಾರದು ಉದ್ದೇಶಪೂರ್ವಕ ಉಲ್ಲಂಘನೆ? ಕೇಸ್ ವರ್ಕರ್ ಎರಡೇ ದಿನದಲ್ಲಿ ಕಡತ ಮಂಡಿಸಿದ್ದಾರೆ. ಅಧೀನ ಕಾರ್ಯದರ್ಶಿ ಅದೇ ವಾರ ಸಹಿ ಹಾಕಿದ್ದಾರೆ. ಪ್ರಧಾನ ಕಾರ್ಯದರ್ಶಿಯವರ ಮೇಜಿಗೆ ಕಡತ ಬಂದೇ ಇಲ್ಲ. ನಿಂದನೆ ಅರ್ಜಿಯಲ್ಲಿ ಇರುವುದು ಮಾತ್ರ ಅವರ ಹೆಸರು. ನೋಟಿಸ್ ತಲುಪುವ ಹೊತ್ತಿಗೆ ಅವರಿಗೂ ವರ್ಗವಾಗಿ, ಬೇರೊಬ್ಬರು ಆ ಕುರ್ಚಿಯಲ್ಲಿ ಇರುತ್ತಾರೆ.

ನೋಟಿಸ್ ಬಂದಾಗ ಕಡತಕ್ಕೆ ಒಮ್ಮೆಲೇ ಕಾಲು ಬರುತ್ತದೆ. ಅದರ ಮೇಲೆ ಕೆಂಪಿನಲ್ಲಿ ‘ನ್ಯಾಯಾಂಗ ನಿಂದನೆ, ಅತಿ ಜರೂರು’ ಎಂದು ಬೀಳುತ್ತದೆ. ಆಗ ಸರ್ಕಾರದ ಮುಂದೆ ಮೂರು ದಾರಿ. ಪಾಲಿಸುವುದು ಒಂದು, ಇದೂ ಸಾಕಷ್ಟು ಆಗುತ್ತದೆ, ಹೇಳದಿದ್ದರೆ ಅನ್ಯಾಯ. ಇನ್ನೊಂದು, ಗಡುವು ದಾಟಿದ ಮೇಲ್ಮನವಿಯನ್ನು ‘ವಿಳಂಬ ಮನ್ನಿಸಿ’ ಎಂಬ ಅರ್ಜಿಯೊಂದಿಗೆ ಈಗ ಸಲ್ಲಿಸುವುದು. ಕಡತ ಇಲಾಖೆಯಿಂದ ಇಲಾಖೆಗೆ ಅಲೆಯುತ್ತಿತ್ತು ಎಂಬ ಹಳೆಯ ಕಾರಣ ಇಂದಿನ ತಂತ್ರಜ್ಞಾನದ ಕಾಲದಲ್ಲಿ ನಡೆಯದು, ಸರ್ಕಾರಕ್ಕೊಂದು ಕಾಲಮಿತಿ, ಪ್ರಜೆಗೊಂದು ಕಾಲಮಿತಿ ಇಲ್ಲ ಎಂದು ಅಂಚೆ ಇಲಾಖೆಯ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ 2012ರಲ್ಲೇ ಖಾರವಾಗಿ ಹೇಳಿತ್ತು. ಆದರೂ ಆ ಕಾರಣ ಪ್ರತಿ ಅರ್ಜಿಯಲ್ಲೂ ಕಾಣಿಸಿಕೊಳ್ಳುತ್ತದೆ. ಮೇಲ್ಮನವಿ ಹಾಕಿದ ಮಾತ್ರಕ್ಕೆ ತಡೆಯಾಜ್ಞೆ ಸಿಕ್ಕಂತಾಗುವುದಿಲ್ಲ. ಆದರೆ ತಡೆಯಾಜ್ಞೆ ಕೋರಿದ ಅರ್ಜಿ ಬಾಕಿ ಇದೆ ಎಂದರೆ ನಿಂದನೆ ಪೀಠ ಸಾಮಾನ್ಯವಾಗಿ ಕಾಯುತ್ತದೆ. ಶಿಕ್ಷಕಿಯೂ ಕಾಯಬೇಕಾಗುತ್ತದೆ.

ಮೂರನೆಯ ದಾರಿ ಎಲ್ಲಕ್ಕಿಂತ ಸುಲಭದ್ದು. ಹಿಂಬರಹ. ಸರ್ಕಾರಿ ಕಚೇರಿಯ ಬಾಗಿಲು ತುಳಿದವರಿಗೆ ಹಿಂಬರಹದ ಪರಿಚಯ ಮಾಡಿಕೊಡಬೇಕಾಗಿಲ್ಲ. ‘ಉಚ್ಚ ನ್ಯಾಯಾಲಯದ ಆದೇಶದನ್ವಯ ತಮ್ಮ ಮನವಿಯನ್ನು ಪರಿಶೀಲಿಸಲಾಗಿ, ಪ್ರಸ್ತುತ ನಿಯಮಗಳಲ್ಲಿ ಅವಕಾಶವಿರುವುದಿಲ್ಲವಾದ್ದರಿಂದ ತಿರಸ್ಕರಿಸಿದೆ’ ಎಂಬಂಥ ನಾಲ್ಕು ಸಾಲು. ಕೋರ್ಟ್ ಪರಿಗಣಿಸಿ ಎಂದಿತ್ತು, ಪರಿಗಣಿಸಿಯಾಯಿತು. ಸರ್ಕಾರಿ ವಕೀಲರು ಹಿಂಬರಹದ ಪ್ರತಿಯನ್ನು ಮೆಮೊ ಜತೆ ಸಲ್ಲಿಸಿದರೆ ನಿಂದನೆ ಪ್ರಕರಣ ಅಲ್ಲಿಗೆ ಮುಗಿಯುತ್ತದೆ. 1996ರ ಜೆ.ಎಸ್. ಪರಿಹಾರ್ ಪ್ರಕರಣದಿಂದ ಈಚೆಗೆ ಕಾನೂನು ಇದೇ: ಆದೇಶ ಪಾಲಿಸುವ ಸಲುವಾಗಿ ಅಧಿಕಾರಿ ಒಂದು ನಿರ್ಧಾರ ಕೈಗೊಂಡರೆ, ಅದು ಸರಿಯೋ ತಪ್ಪೋ ಎಂದು ನಿಂದನೆ ಪೀಠ ನೋಡುವಂತಿಲ್ಲ. ತಪ್ಪು ಎನಿಸಿದರೆ ಹೊಸದಾಗಿ ರಿಟ್ ಹಾಕಬೇಕು. ಶಿಕ್ಷಕಿ ಮತ್ತೆ ಮೊದಲ ಮೆಟ್ಟಿಲಲ್ಲಿ.

ಈ ನಿಯಮವನ್ನು ಬೈಯುವುದು ಸುಲಭ. ಆದರೆ ನಿಂದನೆ ಪೀಠವೇ ಮೂಲ ವಿವಾದವನ್ನು ಮತ್ತೆ ತೀರ್ಮಾನಿಸತೊಡಗಿದರೆ ಮೇಲ್ಮನವಿಗೆ ಅರ್ಥವೇ ಇರುವುದಿಲ್ಲ. ನನ್ನ ತಕರಾರು ಮೂಲ ಆದೇಶದ ಬಗ್ಗೆ. ಹೊರೆ ಇಳಿಸಿಕೊಳ್ಳುವ ಅವಸರದಲ್ಲಿ ‘ಪರಿಗಣಿಸಿ’ ಎಂದು ಬರೆದು ಅರ್ಜಿ ಇತ್ಯರ್ಥಪಡಿಸುವ ಕೋರ್ಟು ಹಿಂಬರಹಕ್ಕೆ ತಾನೇ ಬಾಗಿಲು ತೆರೆದಿಟ್ಟಿರುತ್ತದೆ. ಹಕ್ಕು ಇದೆಯೋ ಇಲ್ಲವೋ ತೀರ್ಮಾನಿಸದೆ ಹೀಗೆ ದಾಟಿಸಿಬಿಡುವ ಆದೇಶಗಳಿಂದ ಆಗುವ ಗೊಂದಲವನ್ನು ಸುಪ್ರೀಂ ಕೋರ್ಟ್ ಕೂಡ 2006ರಲ್ಲಿ, 2008ರಲ್ಲಿ ಎತ್ತಿ ಹೇಳಿದೆ. ಯಾವ ಹುದ್ದೆಯವರು, ಏನನ್ನು, ಯಾವ ತಾರೀಖಿನೊಳಗೆ ಮಾಡಬೇಕು ಎಂಬುದು ಆದೇಶದಲ್ಲೇ ಇದ್ದರೆ ನಾಳೆ ಉದ್ದೇಶ ಹುಡುಕುತ್ತ ಅಲೆಯಬೇಕಾಗಿಲ್ಲ.

ಕಡತದ ಆಟ ಎಷ್ಟು ವರ್ಷ ನಡೆಯಬಹುದು ಎಂಬುದಕ್ಕೆ ಜಮ್ಮು ಮತ್ತು ಕಾಶ್ಮೀರದ ದಿನಗೂಲಿ ನೌಕರರ ಪ್ರಕರಣ ನೋಡಿ. ಅವರ ಕಾಯಂ ಕೋರಿಕೆ ಬಗ್ಗೆ ಹೈಕೋರ್ಟ್ 2007ರಲ್ಲಿ ಆದೇಶಿಸಿತ್ತು. 2025ರ ಮಾರ್ಚ್‌ನಲ್ಲೂ ಅದು ಪಾಲನೆಯಾಗಿರಲಿಲ್ಲ. ನಿಂದನೆ ಪ್ರಕ್ರಿಯೆಯ ವಿರುದ್ಧ ಸರ್ಕಾರವೇ ದೆಹಲಿಗೆ ಹೋದಾಗ ಸುಪ್ರೀಂ ಕೋರ್ಟ್ ಇದು ಹಟಮಾರಿತನಕ್ಕೆ ಪಠ್ಯಪುಸ್ತಕದಂಥ ಉದಾಹರಣೆ ಎಂದು ಝಾಡಿಸಿ 25 ಸಾವಿರ ರೂಪಾಯಿ ವೆಚ್ಚ ಹೇರಿತು. ಸಂಬಂಧಪಟ್ಟ ಅಧಿಕಾರಿಗಳಿಂದಲೇ ವಸೂಲಿ ಮಾಡಬೇಕು ಎಂದಿತು. ಮೊತ್ತ ಚಿಕ್ಕದು. ಆದರೆ ಸರ್ಕಾರದ ಖಜಾನೆ ಬಿಟ್ಟು ಅಧಿಕಾರಿಯ ಜೇಬಿಗೆ ಕೈ ಹಾಕುವುದು ನಮ್ಮ ಕೋರ್ಟುಗಳು ಅಪರೂಪಕ್ಕೆ ಮಾಡುವ ಕೆಲಸ. ಸಾಮಾನ್ಯವಾಗಿ ವಕೀಲರ ಶುಲ್ಕದಿಂದ ಹಿಡಿದು ಅಧಿಕಾರಿಯ ಪ್ರಯಾಣ ಭತ್ಯೆಯವರೆಗೆ ಎಲ್ಲವೂ ಸರ್ಕಾರದ ಲೆಕ್ಕಕ್ಕೆ.

ಎಲ್ಲ ಪ್ರಕರಣಗಳೂ ಹೀಗಲ್ಲ. ಪಾಲಿಸುವುದು ನಿಜಕ್ಕೂ ಕಷ್ಟವಾದ ಆದೇಶಗಳೂ ಇವೆ. ಸ್ಮಶಾನವಿಲ್ಲದ ಊರುಗಳಿಗೆ ಸರ್ಕಾರ ಜಾಗ ಒದಗಿಸಬೇಕು ಎಂದು ಕರ್ನಾಟಕ ಹೈಕೋರ್ಟ್ 2019ರ ಆಗಸ್ಟ್‌ನಲ್ಲಿ ಆದೇಶಿಸಿತು. ಆಗಲಿಲ್ಲ. ವಕೀಲರೊಬ್ಬರು ನಿಂದನೆ ಅರ್ಜಿ ಹಾಕಿದರು. ರಾಜ್ಯದಲ್ಲಿ ಸುಮಾರು 29 ಸಾವಿರ ಹಳ್ಳಿಗಳಿವೆ. ಪ್ರತಿ ಊರಲ್ಲೂ ತಹಶೀಲ್ದಾರರು ಗೋಮಾಳವೋ ಖರಾಬೋ ಹುಡುಕಬೇಕು, ಸರ್ವೆಯರ್ ಅಳೆದು ಕಲ್ಲು ನೆಡಬೇಕು, ಸರ್ಕಾರಿ ಜಮೀನು ಇಲ್ಲದ ಕಡೆ ಖಾಸಗಿಯವರಿಂದ ಕೊಳ್ಳಬೇಕು. ಸ್ಮಶಾನಕ್ಕೆ ಎಂದರೆ ಪಕ್ಕದ ಹೊಲದವರು ಒಪ್ಪುವುದಿಲ್ಲ. ಕಾಗದದಲ್ಲಿ ಸ್ಮಶಾನ ಇದ್ದರೂ ಒತ್ತುವರಿಯಾಗಿರುತ್ತದೆ, ಇಲ್ಲವೇ ದಲಿತರ ಹೆಣಕ್ಕೆ ಅಲ್ಲಿ ಪ್ರವೇಶ ಇರುವುದಿಲ್ಲ. ಕಂದಾಯ ಇಲಾಖೆಯ ಪ್ರಧಾನ ಕಾರ್ಯದರ್ಶಿಯನ್ನು ಜೈಲಿಗೆ ಕಳಿಸಿದರೆ ಒಂದು ಊರಿಗೂ ಸ್ಮಶಾನ ಬರುವುದಿಲ್ಲ. ಹೈಕೋರ್ಟ್ ಇದನ್ನು ಅರಿತೇ ಅಫಿಡವಿಟ್ ಮೇಲೆ ಅಫಿಡವಿಟ್ ಕೇಳುತ್ತ, ಜಿಲ್ಲೆವಾರು ಅಂಕಿಅಂಶ ತರಿಸುತ್ತ, ಸಾಕಾದಾಗ ಗದರುತ್ತ ವರ್ಷಗಟ್ಟಲೆ ಪ್ರಕರಣವನ್ನು ಎಳೆಯಿತು. ಅನುಪಾಲನಾ ವರದಿಗಳಲ್ಲಿ ಜಾಗ ಗುರುತಿಸಿದ ಊರುಗಳ ಸಂಖ್ಯೆ ಏರುತ್ತ ಹೋಯಿತು. ಹೆಸರಿಗೆ ನಿಂದನೆ, ಕೆಲಸದಲ್ಲಿ ಉಸ್ತುವಾರಿ. ನನ್ನ ಮಟ್ಟಿಗೆ ಈ ಕಾನೂನು ನಿಜವಾಗಿ ಉಪಯೋಗಕ್ಕೆ ಬಂದದ್ದು ಇಂಥ ಕಡೆಯೇ. ಆದರೆ ಇಷ್ಟು ಸಮಯ ಕೊಡಲು ಎಲ್ಲ ಪ್ರಕರಣದಲ್ಲೂ ಪೀಠಕ್ಕೆ ಸಾಧ್ಯವಿಲ್ಲ.

ಬೇಸತ್ತ ಕೋರ್ಟುಗಳು ಹಿಡಿಯುವ ಹತ್ತಿರದ ದಾರಿ ಎಂದರೆ ‘ಕಾರ್ಯದರ್ಶಿಯೇ ಖುದ್ದು ಹಾಜರಾಗಲಿ’ ಎನ್ನುವುದು. ಹೈಕೋರ್ಟ್ ಇರುವ ಅಟ್ಟಾರ ಕಚೇರಿಗೂ ವಿಧಾನಸೌಧಕ್ಕೂ ನಡುವೆ ಇರುವುದು ಒಂದು ರಸ್ತೆ ಮಾತ್ರ. ಕಡತಕ್ಕೆ ಒಂದು ವರ್ಷ ಹಿಡಿಯುವ ಆ ದೂರವನ್ನು ಕಾರ್ಯದರ್ಶಿ ಅಂದು ಹತ್ತು ನಿಮಿಷದಲ್ಲಿ ದಾಟುತ್ತಾರೆ. ಖುದ್ದು ಹಾಜರಿಯ ಆದೇಶವಾದರೆ ಕೆಲಸ ಆಗುತ್ತದೆ ಎಂಬುದನ್ನು ಯಾವ ವಕೀಲರೂ ಅಲ್ಲಗಳೆಯುವುದಿಲ್ಲ. ಆದರೆ ಅದರ ದುರುಪಯೋಗವೂ ಕಡಿಮೆಯೇನಲ್ಲ. 2023ರ ಏಪ್ರಿಲ್‌ನಲ್ಲಿ ಅಲಹಾಬಾದ್ ಹೈಕೋರ್ಟ್ ನಿವೃತ್ತ ನ್ಯಾಯಮೂರ್ತಿಗಳ ಸೌಲಭ್ಯಗಳ ವಿಷಯದಲ್ಲಿ ಉತ್ತರಪ್ರದೇಶದ ಇಬ್ಬರು ಹಣಕಾಸು ಅಧಿಕಾರಿಗಳನ್ನು ವಶಕ್ಕೆ ತೆಗೆದುಕೊಂಡಿತು. ಸೌಲಭ್ಯ ನ್ಯಾಯಮೂರ್ತಿಗಳದ್ದೇ ಆದಾಗ ಈ ಪರಿ ವೇಗ! ಸುಪ್ರೀಂ ಕೋರ್ಟ್ 2024ರ ಜನವರಿ 3ರಂದು ಆ ಆದೇಶ ರದ್ದುಪಡಿಸಿ, ಅಧಿಕಾರಿಗಳನ್ನು ಕರೆಸಲು ಒಂದು ಕಾರ್ಯವಿಧಾನವನ್ನೇ ರೂಪಿಸಿತು. ಮೊದಲ ಆಯ್ಕೆ ವಿಡಿಯೊ ಕಾನ್ಫರೆನ್ಸ್. ಖುದ್ದು ಕರೆಸುವುದಾದರೆ ಕಾರಣ ದಾಖಲಿಸಿ ಮುಂಚಿತವಾಗಿ ತಿಳಿಸಬೇಕು. ವಿಚಾರಣೆ ಮುಗಿಯುವವರೆಗೂ ಅವರನ್ನು ನಿಂತೇ ಇರಿಸಬಾರದು. ಅವರ ರೂಪ, ಓದು, ಉಡುಗೆ ಬಗ್ಗೆ ಮಾತಾಡಬಾರದು. ಇಂಥದ್ದನ್ನು ಬರೆದು ಹೇಳಬೇಕಾಯಿತು ಎಂದರೆ ಕೋರ್ಟ್ ಹಾಲುಗಳಲ್ಲಿ ಏನೇನು ನಡೆದಿರಬಹುದು ಊಹಿಸಿ.

ಶಿಕ್ಷೆಗಳಲ್ಲಿ ಆಂಧ್ರದ ಎರಡು ನೆನಪಿಡುವಂಥವು. ಶಾಲಾ ಆವರಣದಲ್ಲಿದ್ದ ಗ್ರಾಮ ಸಚಿವಾಲಯಗಳನ್ನು ತೆರವು ಮಾಡಲಿಲ್ಲ ಎಂದು 2022ರಲ್ಲಿ ಅಲ್ಲಿನ ಹೈಕೋರ್ಟ್ ಎಂಟು ಐಎಎಸ್ ಅಧಿಕಾರಿಗಳಿಗೆ ಎರಡು ವಾರ ಜೈಲು ವಿಧಿಸಿತು. ಅವರು ಕ್ಷಮೆ ಕೇಳಿದ ಮೇಲೆ ಅದನ್ನು ಬದಲಿಸಿ, ಒಂದು ವರ್ಷ ಕಾಲ ತಿಂಗಳಿಗೊಂದು ದಿನ ವಿದ್ಯಾರ್ಥಿನಿಲಯಗಳಿಗೆ ಹೋಗಿ ಸೇವೆ ಮಾಡಿ ಎಂದಿತು. ಇನ್ನೊಂದು ಗುಂಟೂರಿನದು. ಹೈಕೋರ್ಟ್ ಬೇಡವೆಂದರೂ ಬಡವರ ಗುಡಿಸಲು ಕೆಡವಿಸಿದ ತಹಶೀಲ್ದಾರರು ಮುಂದೆ ಬಡ್ತಿ ಪಡೆದು ಡೆಪ್ಯುಟಿ ಕಲೆಕ್ಟರ್ ಆಗಿದ್ದರು. ಹೈಕೋರ್ಟ್ ಎರಡು ತಿಂಗಳ ಸಜೆ ವಿಧಿಸಿತ್ತು. 2025ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಸಜೆಯ ಬದಲು ಅವರನ್ನು ಮತ್ತೆ ತಹಶೀಲ್ದಾರ್ ಹುದ್ದೆಗೆ ಇಳಿಸಿ, ಒಂದು ಲಕ್ಷ ದಂಡ ಹಾಕಿತು. ಎರಡು ವಾರದ ಜೈಲನ್ನು ಮರೆಯಬಹುದು. ಹಿಂಬಡ್ತಿ ಸೇವಾ ಪುಸ್ತಕದಲ್ಲಿ ನಿವೃತ್ತಿಯವರೆಗೂ ಇರುತ್ತದೆ. ಅಧಿಕಾರಿಗಳ ಲೋಕ ಬಲ್ಲವರಿಗೆ ಇವೆರಡರಲ್ಲಿ ಯಾವುದು ಹೆಚ್ಚು ಚುರುಕು ಮುಟ್ಟಿಸುತ್ತದೆ ಎಂದು ಹೇಳಬೇಕಾಗಿಲ್ಲ. ಹಾಗೆಂದು ಹಿಂಬಡ್ತಿ ಕೊಡುವ ಅಧಿಕಾರ ನಿಂದನೆ ಕಾಯ್ದೆಯಲ್ಲಿ ಇಲ್ಲ. ಹೈಕೋರ್ಟುಗಳು ಇದನ್ನು ಅನುಕರಿಸುವುದು ಕಷ್ಟ.

ಮಂತ್ರಿ, ಮುಖ್ಯಮಂತ್ರಿಗಳ ಮಾತು ಬೇರೆ. ಅಯೋಧ್ಯೆಯ ವಿಷಯದಲ್ಲಿ ಕೊಟ್ಟ ಮಾತು ತಪ್ಪಿದ್ದಕ್ಕೆ 1994ರಲ್ಲಿ, ಉತ್ತರಪ್ರದೇಶದ ಮುಖ್ಯಮಂತ್ರಿಯಾಗಿದ್ದ ಕಲ್ಯಾಣ್ ಸಿಂಗ್ ಅವರಿಗೆ ಸಾಂಕೇತಿಕವಾಗಿ ಒಂದು ದಿನದ ಸಜೆಯಾಯಿತು. ಕೋರ್ಟಿನ ಆದೇಶ ಮೀರಿ ಸಾಮಿಲ್‌ಗಳಿಗೆ ಅನುಮತಿ ಕೊಟ್ಟ ಮಹಾರಾಷ್ಟ್ರದ ಮಂತ್ರಿ ಸ್ವರೂಪಸಿಂಗ್ ನಾಯ್ಕ್ 2006ರಲ್ಲಿ ಒಂದು ತಿಂಗಳ ಶಿಕ್ಷೆಗೆ ಗುರಿಯಾದರು. ನಮ್ಮವರ ಸರದಿ ಬರುವುದು ಕಾವೇರಿಯಲ್ಲಿ. 2002ರಲ್ಲಿ ತಮಿಳುನಾಡಿಗೆ ನೀರು ಬಿಡುವುದು ನಿಲ್ಲಿಸಿದ ಎಸ್.ಎಂ. ಕೃಷ್ಣ ಸರ್ಕಾರ ನಿಂದನೆಯ ತೂಗುಗತ್ತಿಯ ಕೆಳಗೆ ಕೊನೆಗೆ ಕ್ಷಮೆ ಕೇಳಿತು. 2016ರ ಸೆಪ್ಟೆಂಬರ್ 23ರಂದು ವಿಧಾನಮಂಡಲ ಪಕ್ಷಭೇದವಿಲ್ಲದೆ ಜಲಾಶಯದ ನೀರು ಕುಡಿಯಲು ಮಾತ್ರ ಎಂದು ನಿರ್ಣಯಿಸಿತು. ಅಕ್ಟೋಬರ್ ಮೊದಲ ವಾರದಲ್ಲಿ ಇನ್ನೊಂದು ನಿರ್ಣಯದ ಮೂಲಕ ಸರ್ಕಾರಕ್ಕೆ ನೀರು ಬಿಡುವ ದಾರಿಯನ್ನೂ ಮಾಡಿಕೊಟ್ಟಿತು. ಅಂದು ಆದೇಶ ಧಿಕ್ಕರಿಸಿ ಎಂದು ಕೂಗಿದವರಲ್ಲಿ ತಮ್ಮ ಜಮೀನಿನ ಪರಿಹಾರದ ಆದೇಶಕ್ಕಾಗಿ ಕಚೇರಿ ಅಲೆಯುತ್ತಿದ್ದವರೂ ಇದ್ದಿರಬೇಕು. ಮಳೆ ಬಾರದ ವರ್ಷ ರೈತನ ಸಂಕಟ ಸುಳ್ಳಲ್ಲ. ಆದರೆ ನಮಗೆ ಒಪ್ಪಿಗೆಯಾದ ಆದೇಶವನ್ನಷ್ಟೇ ಸರ್ಕಾರ ಪಾಲಿಸಲಿ ಎಂದರೆ ಅಧಿಕಾರಿಯೂ ಅದನ್ನೇ ಹೇಳುತ್ತಾನೆ.

ಕೊನೆಯದಾಗಿ, ಅರ್ಜಿದಾರರಿಗೆ ವಕೀಲರು ಹಲವು ಸಲ ತಡವಾಗಿ ಹೇಳುವ ಎರಡು ಸಂಗತಿ. ನಿಂದನೆಯಲ್ಲಿ ಶಿಕ್ಷೆಯಾದ ಅಧಿಕಾರಿಗೆ 19ನೇ ಸೆಕ್ಷನ್ ಪ್ರಕಾರ ಮೇಲ್ಮನವಿಯ ಹಕ್ಕಿದೆ. ಅರ್ಜಿ ವಜಾ ಆದ ಪ್ರಜೆಗೆ ಆ ಹಕ್ಕಿಲ್ಲ. ವಿಶೇಷ ಅನುಮತಿ ಕೋರಿ ದೆಹಲಿಗೇ ಹೋಗಬೇಕು. ಇನ್ನೊಂದು 20ನೇ ಸೆಕ್ಷನ್. ಉಲ್ಲಂಘನೆಯಾದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ‘ಬಜೆಟ್ ಮುಗೀಲಿ, ನೋಡೋಣ ಮೇಡಂ’, ‘ಸಾಹೇಬರು ಟ್ರೇನಿಂಗ್‌ಗೆ ಹೋಗಿದ್ದಾರೆ, ಬಂದ ಮೇಲೆ ಮಾಡಿಕೊಡ್ತೀವಿ’ ಎಂಬ ಸೌಮ್ಯ ಮಾತುಗಳಲ್ಲಿ ಆ ವರ್ಷ ಕರಗಿಬಿಡುತ್ತದೆ. ನೆನಪೋಲೆ ಎಷ್ಟು ಬರೆದರೂ ಗಡುವು ಮುಂದೆ ಹೋಗುವುದಿಲ್ಲ. ಆದ್ದರಿಂದ ಹಾವೇರಿಯ ಶಿಕ್ಷಕಿ ಪೇಢೆ ಹಂಚುವ ಮೊದಲು ಮಾಡಬೇಕಾದ ಕೆಲಸವೊಂದಿದೆ. ಆದೇಶದ ದೃಢೀಕೃತ ಪ್ರತಿ ತೆಗೆಸಿ, ಮನವಿಯ ಜತೆ ಸಂಬಂಧಪಟ್ಟ ಪ್ರತಿ ಕಚೇರಿಯ ಟಪಾಲು ವಿಭಾಗಕ್ಕೆ ಕೊಟ್ಟು, ತಮ್ಮ ಪ್ರತಿಯ ಮೇಲೆ ತಾರೀಖು ಸಹಿತ ಮೊಹರು ಹಾಕಿಸಿಕೊಳ್ಳಬೇಕು. ಅಂಚೆಯಲ್ಲಿ ಕಳಿಸಿದರೆ ಸ್ವೀಕೃತಿ ಚೀಟಿ ಜೋಪಾನ ಮಾಡಬೇಕು. ಮೊಹರು ಇಲ್ಲದಿದ್ದರೆ ‘ಆದೇಶದ ಪ್ರತಿ ಈ ಕಚೇರಿಯಲ್ಲಿ ಸ್ವೀಕೃತವಾಗಿರುವುದಿಲ್ಲ’ ಎಂಬ ಒಂದು ಸಾಲಿನ ಅಫಿಡವಿಟ್ ಸಾಕು, ಮೂರು ತಿಂಗಳ ಎಣಿಕೆ ಮತ್ತೆ ಹೊಸದಾಗಿ ಶುರುವಾಗುತ್ತದೆ.